ಆರು ಸೂರ್ಯರ ಲೋಕಕ್ಕೆ ಕತ್ತಲು ಕವಿದಾಗ

ಐಸಾಕ್ ಅಸಿಮೋವ್ ಅವರ ‘ನೈಟ್‌ಫಾಲ್’ ಕತೆಯ ಬಗ್ಗೆ ಬಂದಿರುವ ಪತ್ರಗಳನ್ನೇ ಈ ಸಲ ಒಟ್ಟಿಗೆ ಎತ್ತಿಕೊಂಡಿದ್ದೇನೆ. ಕತೆ ಓದದವರೂ ಮುಂದುವರಿಯಬಹುದು. ಮೊದಲ ಉತ್ತರದಲ್ಲೇ ಅದರ ಸಾರ ಇದೆ. ಆದರೆ ಕೊನೆಯನ್ನೂ ಹೇಳಿಬಿಟ್ಟಿದ್ದೇನೆ, ತಾವೇ ಓದಿ ತಿಳಿಯಬೇಕು ಎನ್ನುವವರು ಈ ಪುಟವನ್ನು ಎತ್ತಿಟ್ಟುಕೊಳ್ಳಿ.

ಮೇಡಂ, ‘ನೈಟ್‌ಫಾಲ್’ ಓದಿದೆ. ಲಗಾಶ್ ಎಂಬ ಗ್ರಹದವರಿಗೆ ಎರಡು ಸಾವಿರ ವರ್ಷಕ್ಕೊಮ್ಮೆ ಮಾತ್ರ ನಕ್ಷತ್ರಗಳು ಕಾಣುತ್ತವಂತೆ. ನಕ್ಷತ್ರಗಳು ಅಲ್ಲೇ ಇದ್ದೂ ಯಾರಿಗೂ ಗೊತ್ತಾಗದೆ ಇರಲು ಸಾಧ್ಯವೇ? ಅಷ್ಟು ದೊಡ್ಡ ಚಂದ್ರನೂ ಕಣ್ಣಿಗೆ ಬೀಳಲಿಲ್ಲ ಎನ್ನುವುದನ್ನು ನಂಬುವುದು ಹೇಗೆ?
— ಪಿಯುಸಿ ವಿದ್ಯಾರ್ಥಿನಿ, ಧಾರವಾಡ

ಕತೆ ಬಂದದ್ದು 1941ರ ಸೆಪ್ಟೆಂಬರ್‌ನಲ್ಲಿ, ‘ಅಸ್ಟೌಂಡಿಂಗ್ ಸೈನ್ಸ್ ಫಿಕ್ಷನ್’ ಪತ್ರಿಕೆಯಲ್ಲಿ. ಬರೆದಾಗ ಅಸಿಮೋವ್‌ಗೆ 21 ವಯಸ್ಸು. ಸಾವಿರ ವರ್ಷಕ್ಕೊಮ್ಮೆ ಮಾತ್ರ ನಕ್ಷತ್ರ ಕಂಡರೆ ಜನ ಎಷ್ಟು ಭಕ್ತಿಯಿಂದ ಕೈಮುಗಿದಾರು ಎಂದು ಅಮೆರಿಕದ ಚಿಂತಕ ಎಮರ್ಸನ್ 1836ರಲ್ಲೇ ಬರೆದಿದ್ದರು. ಪತ್ರಿಕೆಯ ಸಂಪಾದಕ ಜಾನ್ ಕ್ಯಾಂಬೆಲ್ ಅದನ್ನು ತೋರಿಸಿ, ಭಕ್ತಿ ಬರುವುದಿಲ್ಲ, ಹುಚ್ಚು ಹಿಡಿಯುತ್ತದೆ, ಅದನ್ನೇ ಕತೆ ಮಾಡು ಎಂದರು. ಹೀಗೆ ಹುಟ್ಟಿದ್ದು ಲಗಾಶ್. ಆ ಗ್ರಹಕ್ಕೆ ಆರು ಸೂರ್ಯರು. ಒಬ್ಬ ಮುಳುಗುವಷ್ಟರಲ್ಲಿ ಇನ್ನೊಬ್ಬ ಮೇಲಿರುತ್ತಾನೆ, ಹಾಗಾಗಿ ರಾತ್ರಿ ಎನ್ನುವುದೇ ಇಲ್ಲ. 2049 ವರ್ಷಕ್ಕೊಮ್ಮೆ ಮಾತ್ರ ಆಕಾಶದಲ್ಲಿ ಬೀಟಾ ಎಂಬ ಕೆಂಪು ಕುಬ್ಜ ಸೂರ್ಯ ಒಂಟಿಯಾಗಿ ಉಳಿಯುತ್ತಾನೆ, ಅದೇ ಹೊತ್ತಿಗೆ ಗ್ರಹದ ಚಂದ್ರ ಅಡ್ಡ ಬಂದು ಅವನಿಗೆ ಗ್ರಹಣ ಹಿಡಿಯುತ್ತದೆ.

ಕಾಣದಿರಲು ಸಾಧ್ಯವೇ ಎಂದಿರಿ. ನಾಳೆ ಮಧ್ಯಾಹ್ನ ಅಂಗಳಕ್ಕೆ ಬಂದು ತಲೆಯೆತ್ತಿ. ರಾತ್ರಿಯ ಆಕಾಶದಲ್ಲಿ ಇರುವಷ್ಟೇ ನಕ್ಷತ್ರಗಳು ಆಗಲೂ ನೆತ್ತಿಯ ಮೇಲೆ ಇರುತ್ತವೆ. ಸೂರ್ಯನ ಬೆಳಕು ಗಾಳಿಯ ಅಣುಗಳಿಗೆ ತಾಗಿ ಎಲ್ಲ ದಿಕ್ಕಿಗೂ ಚದುರುತ್ತದೆ. ಆ ಚದುರಿದ ಬೆಳಕೇ ನಾವು ಕಾಣುವ ನೀಲಿ. ಅದರ ಹೊಳಪಿನ ಮುಂದೆ ಸ್ವಾತಿಯೂ ಸೋಲುತ್ತದೆ, ಚಿತ್ತೆಯೂ ಸೋಲುತ್ತದೆ. ನಮ್ಮ ಪುಣ್ಯಕ್ಕೆ ಸಂಜೆಯಾಗುತ್ತದೆ. ಸಂಜೆಯೇ ಆಗದ ಊರಿನಲ್ಲಿ ಹುಟ್ಟಿದವರಿಗೆ ಆ ನೀಲಿಯ ಆಚೆ ಏನೋ ಇದೆ ಎಂಬ ಅನುಮಾನವಾದರೂ ಎಲ್ಲಿಂದ ಬರಬೇಕು?

ಚಂದ್ರನ ಮಾತು ಇನ್ನೂ ಸ್ವಾರಸ್ಯದ್ದು. ಲಗಾಶ್‌ನ ಚಂದ್ರ ನೀಲಿ ಛಾಯೆಯ ಕಲ್ಲಿನದು, ಸ್ವಂತ ಬೆಳಕಿಲ್ಲ, ಸದಾ ಬೆಳಗುವ ಆಕಾಶದಲ್ಲಿ ಕರಗಿಹೋಗುತ್ತದೆ. ಅದನ್ನು ಅಲ್ಲಿನ ವಿಜ್ಞಾನಿಗಳು ಕಣ್ಣಿಂದ ಕಂಡದ್ದಲ್ಲ, ಲೆಕ್ಕದಿಂದ ಹಿಡಿದದ್ದು. ಗುರುತ್ವ ನಿಯಮದ ಪ್ರಕಾರ ಗ್ರಹ ಸಾಗಬೇಕಾದ ದಾರಿಗೂ ಅದು ನಿಜವಾಗಿ ಸಾಗುವ ದಾರಿಗೂ ತಾಳೆಯಾಗುವುದಿಲ್ಲ. ಹಾಗಾದರೆ ಕಾಣದ ಯಾವುದೋ ಕಾಯ ಎಳೆಯುತ್ತಿರಬೇಕು. ಇದು ಕಟ್ಟುಕತೆಯ ತರ್ಕವಲ್ಲ. ನಮ್ಮಲ್ಲಿ ನೆಪ್ಚೂನ್ ಸಿಕ್ಕಿದ್ದೇ ಹೀಗೆ. ಯುರೇನಸ್ ದಾರಿ ತಪ್ಪುತ್ತಿದೆ ಎಂದು ಫ್ರಾನ್ಸಿನ ಲ ವೆರಿಯೆ ಕಾಗದದ ಮೇಲೆ ಲೆಕ್ಕ ಹಾಕಿ, ಇಂಥ ಜಾಗದಲ್ಲಿ ನೋಡಿ ಎಂದು ಬರ್ಲಿನ್‌ಗೆ ಬರೆದರು. 1846ರಲ್ಲಿ ಅಲ್ಲಿನ ಗಾಲೆ ದೂರದರ್ಶಕ ತಿರುಗಿಸಿದ ರಾತ್ರಿಯೇ ನೆಪ್ಚೂನ್ ಕಣ್ಣಿಗೆ ಬಿತ್ತು.

ಕತೆಯಲ್ಲಿ ನನಗೆ ಎಲ್ಲಕ್ಕಿಂತ ಪ್ರಿಯವಾದ ಜಾಗ ಬೇರೆಯದು. ಕತ್ತಲು ಕವಿಯಲು ಇನ್ನೇನು ಸ್ವಲ್ಪವೇ ಹೊತ್ತಿರುವಾಗ ಬೀನೇ ಎಂಬ ಯುವ ಖಗೋಳಜ್ಞ ಸಂಕೋಚದಿಂದ ತನ್ನದೊಂದು ಊಹೆ ಹೇಳುತ್ತಾನೆ. ವಿಶ್ವದಲ್ಲಿ ಇನ್ನೂ ಕೆಲವು ಸೂರ್ಯರು ಇರಬಹುದು, ಒಂದು ಡಜನ್ನೋ ಎರಡು ಡಜನ್ನೋ, ನಾಲ್ಕು ಜ್ಯೋತಿರ್ವರ್ಷ ದೂರದವರೆಗೆ. ಅವನ ಧೈರ್ಯದ ಕಲ್ಪನೆ ನಿಲ್ಲುವುದು ಅಲ್ಲಿಗೆ. ನಮಗೆ ಅತ್ಯಂತ ಹತ್ತಿರದ ನಕ್ಷತ್ರವೇ ನಾಲ್ಕು ಜ್ಯೋತಿರ್ವರ್ಷಕ್ಕಿಂತ ತುಸು ಆಚೆ ಇದೆ! ಆಮೇಲೆ ಅವನು ಇನ್ನೊಂದು ಕಲ್ಪಿಸುತ್ತಾನೆ: ಒಂದೇ ಸೂರ್ಯ ಇರುವ ಗ್ರಹ. ಅಲ್ಲಿ ಗುರುತ್ವದ ನಿಯಮ ಎಷ್ಟು ಸುಲಭವಾಗಿ ತಿಳಿಯುತ್ತಿತ್ತು ಎಂದು ಆಸೆಪಟ್ಟು, ಆದರೆ ಅಂಥ ಕಡೆ ಜೀವ ಇರಲಾರದು, ದಿನದ ಅರ್ಧ ಭಾಗ ಕತ್ತಲಾಗುತ್ತದಲ್ಲ ಎಂದು ತಾನೇ ಅದನ್ನು ತಳ್ಳಿಹಾಕುತ್ತಾನೆ. ಆ ಅಸಾಧ್ಯ ಗ್ರಹದಲ್ಲಿ ಕೂತು ನಾವು ಅದನ್ನು ಓದುತ್ತೇವೆ. ನಮಗೆ ದಿನಾ ಸಂಜೆ ಏನು ಸಿಗುತ್ತಿದೆ ಎಂದು ಇಷ್ಟು ಚೆನ್ನಾಗಿ ತೋರಿಸಿಕೊಟ್ಟ ಇನ್ನೊಂದು ಕತೆ ನನಗೆ ಗೊತ್ತಿಲ್ಲ.

1980ರ ಫೆಬ್ರವರಿ 16ರ ಖಗ್ರಾಸ ಗ್ರಹಣ ನಮ್ಮ ಭಾಗದಲ್ಲಿ ಆಗಿತ್ತು. ಊರಿಗೆ ಊರೇ ಬಾಗಿಲು ಹಾಕಿಕೊಂಡಿದ್ದರೂ ನಾನು ಮಾಳಿಗೆಯ ಮೇಲೆ ನಿಂತು ನೋಡಿದ್ದೆ. ಕತ್ತಲಾಯಿತು ನಿಜ, ಆದರೆ ಮುಸ್ಸಂಜೆಯಷ್ಟು. ಒಂದೆರಡು ಚುಕ್ಕಿ ಬಿಟ್ಟರೆ ಏನೂ ಕಾಣಲಿಲ್ಲ. ಕತೆಯಲ್ಲಿ ಮೂವತ್ತು ಸಾವಿರ ನಕ್ಷತ್ರ ಸುರಿದಂತೆ ಬರೆದಿರುವುದು ಉತ್ಪ್ರೇಕ್ಷೆಯಲ್ಲವೇ?
— ನಿವೃತ್ತ ಶಿಕ್ಷಕರು, ರಾಯಚೂರು ಜಿಲ್ಲೆ

ಗುರುಗಳೇ, ಆ ದಿನ ಹೊರಗೆ ನಿಂತಿದ್ದೀರಲ್ಲ, ಅದಕ್ಕೇ ಮೊದಲು ನಮಸ್ಕಾರ. ಕಾರವಾರದ ಕಡೆಯಿಂದ ಒಳಗೆ ಬಂದು ಹುಬ್ಬಳ್ಳಿ, ಗದಗ, ರಾಯಚೂರು ಸೀಮೆ ಹಾದುಹೋದ ಗ್ರಹಣ ಅದು. ಜವಳಗೇರಾದಲ್ಲಿ ವಿಜ್ಞಾನಿಗಳು ಶಿಬಿರ ಹೂಡಿದ್ದರು. ನೀವು ಕಂಡದ್ದು ಸರಿಯಾಗಿಯೇ ಇದೆ. ಒಂದೆರಡು ಚುಕ್ಕಿ ಎಂದಿರಲ್ಲ, ಅವುಗಳಲ್ಲಿ ಹೆಚ್ಚು ಹೊಳೆದದ್ದು ಶುಕ್ರ.

ನಮ್ಮ ಆಕಾಶದಲ್ಲಿ ಚಂದ್ರನೂ ಸೂರ್ಯನೂ ಹೆಚ್ಚುಕಡಿಮೆ ಒಂದೇ ಗಾತ್ರಕ್ಕೆ ಕಾಣುತ್ತಾರೆ. ಹಾಗಾಗಿ ಚಂದ್ರನ ದಟ್ಟ ನೆರಳು ನೆಲದ ಮೇಲೆ ಒಂದು ಸಣ್ಣ ಪಟ್ಟಿಯಷ್ಟೇ ಬೀಳುತ್ತದೆ. ಆ ಸಲ ಅದರ ಅಗಲ ಒಂದೆರಡು ಜಿಲ್ಲೆಗಳಷ್ಟು. ನೀವು ನೆರಳಿನ ನಡುವೆ ನಿಂತಿದ್ದರೂ ಸುತ್ತ ದಿಗಂತದ ಆಚೆ ಹಗಲೇ ಇತ್ತು. ಅಲ್ಲಿನ ಬೆಳಕು ಗಾಳಿಯಲ್ಲಿ ಚದುರಿ ನಿಮ್ಮ ಆಕಾಶಕ್ಕೂ ನುಸುಳಿತು. ಜೊತೆಗೆ ಮರೆಯಾದ ಸೂರ್ಯನ ಸುತ್ತ ಹರಡಿದ ಕಿರೀಟದ (ಕರೋನಾ) ಬೆಳಕು ಬೇರೆ. ಅಷ್ಟೇ ಅಲ್ಲ, ಕರ್ನಾಟಕದಲ್ಲಿ ಖಗ್ರಾಸ ಮೂರು ನಿಮಿಷವೂ ಇರಲಿಲ್ಲ. ಹಗಲಿಗೆ ಹೊಂದಿಕೊಂಡ ಕಣ್ಣು ಕತ್ತಲಿಗೆ ಪೂರ್ತಿ ತೆರೆದುಕೊಳ್ಳಲು ಇಪ್ಪತ್ತು–ಮೂವತ್ತು ನಿಮಿಷ ಬೇಕು.

ಅಸಿಮೋವ್‌ಗೆ ಇದೆಲ್ಲ ಗೊತ್ತಿತ್ತು. ಅದಕ್ಕೇ ಲಗಾಶ್‌ನ ಚಂದ್ರನನ್ನು ಬೀಟಾಗಿಂತ ಏಳು ಪಟ್ಟು ಅಗಲವಾಗಿ ಕಾಣುವಂತೆ ಮಾಡಿದರು. ಅಂಥ ಗ್ರಹಣದ ನೆರಳಿನಲ್ಲಿ ದಿಗಂತದ ಹಗಲು ಉಳಿಯುವುದಿಲ್ಲ. ಗ್ರಹಣ ಅರ್ಧ ದಿನಕ್ಕಿಂತ ಹೆಚ್ಚು ಹೊತ್ತು ಇರುತ್ತದೆ. ಅಷ್ಟರಲ್ಲಿ ಗ್ರಹ ಸುತ್ತು ಹಾಕುತ್ತ ಎಲ್ಲ ಊರುಗಳೂ ಸರದಿಯ ಮೇಲೆ ಕತ್ತಲೊಳಗೆ ಬರುತ್ತವೆ, ಯಾರೂ ತಪ್ಪಿಸಿಕೊಳ್ಳಲಾರರು.

ಇನ್ನು ಮೂವತ್ತು ಸಾವಿರದ ಲೆಕ್ಕ. ಲಗಾಶ್ ಇರುವುದು ದೊಡ್ಡದೊಂದು ನಕ್ಷತ್ರಗುಚ್ಛದ ನಡುವೆ ಎಂದು ಕತೆ ಹೇಳುತ್ತದೆ. ಒಳ್ಳೆಯ ಕತ್ತಲಿರುವ ಹಳ್ಳಿಯಲ್ಲಿ ನಮಗೆ ಒಮ್ಮೆಗೆ ಬರಿಗಣ್ಣಿಗೆ ಸಿಗುವುದು ಎರಡೂವರೆ–ಮೂರು ಸಾವಿರ. ಗುಚ್ಛದ ಒಳಗಿದ್ದರೆ ಅದರ ಹತ್ತು ಪಟ್ಟು ಸಿಗುವುದರಲ್ಲಿ ಉತ್ಪ್ರೇಕ್ಷೆ ಇಲ್ಲ. ನನಗೆ ಒಪ್ಪಿಗೆಯಾಗದ್ದು ಅದರ ಮಗ್ಗುಲಿನ ಸಂಗತಿ. ಅಷ್ಟು ಒತ್ತೊತ್ತಾಗಿ ನಕ್ಷತ್ರಗಳಿದ್ದರೆ ಕೆಲವಾದರೂ ಶುಕ್ರನನ್ನು ಮೀರಿ ಹೊಳೆಯಬೇಕು. ಜಾಗ ಗೊತ್ತಿದ್ದರೆ ಶುಕ್ರನನ್ನು ನಾವು ನಡುಹಗಲಲ್ಲೇ ಬರಿಗಣ್ಣಿಂದ ಹುಡುಕಬಹುದು. ಮಂಕಾದ ಸೂರ್ಯರಷ್ಟೇ ಮೇಲಿದ್ದ ಹೊತ್ತಿನಲ್ಲಿ ಲಗಾಶ್‌ನ ಯಾವುದಾದರೂ ಕುರಿಗಾಹಿಗೆ ಒಂದು ಚುಕ್ಕಿ ಕಾಣದೆ ಹೋಯಿತೇ? ಕತೆಯ ಕಟ್ಟಡದಲ್ಲಿ ಬಿರುಕಿದ್ದರೆ ಅದು ಇಲ್ಲೇ.

ಹೊಗಳಿಕೆಗೆ ಹೆಸರಾದ ಆ ನಕ್ಷತ್ರ ವರ್ಣನೆಯಲ್ಲಿ ನಮ್ಮ ಭೂಮಿಯ ಹೆಸರು ಬರುವ ಸಾಲುಗಳು ಅಸಿಮೋವ್ ಬರೆದವಲ್ಲ, ಕ್ಯಾಂಬೆಲ್ ಸೇರಿಸಿದ್ದು. ಭೂಮಿಯನ್ನೇ ಅರಿಯದ ಲೋಕದ ಕತೆಯೊಳಗೆ ಭೂಮಿ ಬಂದದ್ದು ಅಸಿಮೋವ್‌ಗೆ ಕಡೆಯವರೆಗೂ ಹಿಡಿಸಲಿಲ್ಲ. ನನಗೂ ಹಿಡಿಸುವುದಿಲ್ಲ.

ಆರು ಸೂರ್ಯರಿರುವ ವ್ಯವಸ್ಥೆ ನಿಜವಾಗಿ ಇದೆಯೇ? ಇದ್ದರೂ ಅದರಲ್ಲಿ ಗ್ರಹ ಒಂದು ಕಕ್ಷೆಯಲ್ಲಿ ನಿಲ್ಲುತ್ತದೆಯೇ?
— ಸಾಫ್ಟ್‌ವೇರ್ ಉದ್ಯೋಗಿ, ಬೆಂಗಳೂರು

ಇದೆ, ಅದೂ ನಮಗೆ ಪರಿಚಯದ ಜಾಗದಲ್ಲೇ. ಪುನರ್ವಸುವಿನ ಎರಡು ನಕ್ಷತ್ರಗಳಲ್ಲಿ ಒಂದು ಕ್ಯಾಸ್ಟರ್, ಸುಮಾರು 51 ಜ್ಯೋತಿರ್ವರ್ಷ ದೂರ. ಕಣ್ಣಿಗೆ ಒಂದು, ದೂರದರ್ಶಕಕ್ಕೆ ಎರಡು, ತುಸು ಆಚೆ ಮಂಕಾಗಿ ಮೂರನೆಯದು. ಮೂರರ ಬೆಳಕನ್ನೂ ಬಿಡಿಸಿ ನೋಡಿದರೆ ಪ್ರತಿಯೊಂದೂ ಅವಳಿ. ಒಟ್ಟು ಆರು. 2021ರಲ್ಲಿ ಟೆಸ್ ಉಪಗ್ರಹದ ದತ್ತಾಂಶದಲ್ಲಿ ಇನ್ನೂ ವಿಚಿತ್ರವಾದ ಆರರ ಕೂಟವೊಂದು ಸಿಕ್ಕಿತು. ಅದರ ಮೂರು ಜೋಡಿಗಳಲ್ಲೂ ಒಂದು ನಕ್ಷತ್ರ ಇನ್ನೊಂದಕ್ಕೆ ಗ್ರಹಣ ಹಿಡಿಸುವುದು ನಮಗೆ ಇಲ್ಲಿಂದ ಕಾಣುತ್ತದೆ.

ಗ್ರಹದ ವಿಷಯ ಅಷ್ಟು ಸಲೀಸಲ್ಲ. ಆರು ನಕ್ಷತ್ರಗಳು ಉಳಿಯಬೇಕಾದರೆ ಹತ್ತಿರದ ಜೋಡಿಗಳಾಗಿ ಕಟ್ಟಿಕೊಂಡು, ಜೋಡಿಗಳು ಪರಸ್ಪರ ಬಹಳ ದೂರ ಇರಬೇಕು. ಕ್ಯಾಸ್ಟರ್‌ನ ಎರಡು ಮುಖ್ಯ ಜೋಡಿಗಳು ಒಂದನ್ನೊಂದು ಸುತ್ತಲು ನಾಲ್ಕು ಶತಮಾನಕ್ಕೂ ಹೆಚ್ಚು ಕಾಲ ಹಿಡಿಯುತ್ತವೆ. ಗ್ರಹವೊಂದು ಒಂದು ಜೋಡಿಯ ಸುತ್ತ ನೆಮ್ಮದಿಯಾಗಿ ಸುತ್ತಬಹುದು, ಆದರೆ ಆಗ ಉಳಿದವರು ಅಷ್ಟು ದೂರದಲ್ಲಿ ಬಹಳ ಹೊಳೆಯುವ ಚುಕ್ಕಿಗಳಾಗಿ ಕುಗ್ಗುತ್ತಾರೆ. ಆರೂ ಸೂರ್ಯರು ಹಗಲು ಮಾಡುವಷ್ಟು ಹತ್ತಿರ ಬಂದರೆ ಎಳೆದಾಟದಲ್ಲಿ ಗ್ರಹ ಹೊರಗೆ ಎಸೆಯಲ್ಪಡುವ ಅಪಾಯ. ಹತ್ತಿರ ಇರಬೇಕು, ದೂರವೂ ಇರಬೇಕು: ಇಕ್ಕಟ್ಟು ಇದು.

ನಿಮ್ಮದೇ ಊರಿನಲ್ಲಿ ಈ ಇಕ್ಕಟ್ಟನ್ನು ಕೈಗೆತ್ತಿಕೊಂಡವರಿದ್ದಾರೆ. ಕೋರಮಂಗಲದ ಭಾರತೀಯ ಖಭೌತ ಸಂಸ್ಥೆಯ ಜಯಂತ್ ಮೂರ್ತಿ ಅವರು ಸ್ಮರಣ್ ದೇಶಮುಖ್ ಅವರ ಜೊತೆ 2014ರಲ್ಲಿ ಈ ಗ್ರಹ ಇರಲು ಸಾಧ್ಯವೇ ಎಂದೇ ಒಂದು ಪ್ರಬಂಧ ಬರೆದರು. ಗ್ರಹಣ ಎಷ್ಟು ಹೊತ್ತು ಇದ್ದೀತು, ನಕ್ಷತ್ರಗಳು ಮರೆಯಾಗಿರಬಲ್ಲವೇ, ಕಕ್ಷೆಗಳ ಆಟ ಹೇಗೆ ಎಂಬ ಮೂರನ್ನೂ ಅವರು ಎತ್ತಿಕೊಂಡಿದ್ದಾರೆ. ಕತೆಯನ್ನು ಇಷ್ಟು ಗೌರವದಿಂದ ನಡೆಸಿಕೊಳ್ಳುವ ವಿಜ್ಞಾನಿಗಳು ನಮ್ಮಲ್ಲಿ ಇನ್ನಷ್ಟು ಆಗಲಿ.

ಎರಡು ಸೂರ್ಯರ ಸುತ್ತ ಗ್ರಹ ಇರುವುದು 2011ರಲ್ಲಿ ಕೆಪ್ಲರ್-16ಬಿ ಸಿಕ್ಕಾಗ ಖಚಿತವಾಯಿತು. ‘ಸ್ಟಾರ್ ವಾರ್ಸ್’ ನೋಡಿದವರಿಗೆ ಟ್ಯಾಟೂಯಿನ್‌ನ ಜೋಡಿ ಸೂರ್ಯಾಸ್ತ ನೆನಪಿರಬೇಕು. ಮರುವರ್ಷ ನಾಲ್ಕು ನಕ್ಷತ್ರಗಳ ಕೂಟದಲ್ಲೂ ಒಂದು ಗ್ರಹ ಸಿಕ್ಕಿತು. ಅದನ್ನು ಪತ್ತೆಹಚ್ಚಿದವರು ಮನೆಯಲ್ಲಿ ಕೂತು ದತ್ತಾಂಶ ಜಾಲಾಡುತ್ತಿದ್ದ ಹವ್ಯಾಸಿಗಳು.

ಕತೆಯಲ್ಲಿ ಗ್ರಹಣ ನಾಶ ತರುತ್ತದೆ. ಗ್ರಹಣದಿಂದ ಜ್ಞಾನ ಬಂದ ಉದಾಹರಣೆ ನಮ್ಮ ಕಡೆ ಏನಾದರೂ ಇದೆಯೇ?
— ಓದುಗರು, ಜಮಖಂಡಿ

ನೀವು ಜಮಖಂಡಿಯಿಂದಲೇ ಕೇಳಿದ್ದು ಎಂಥ ಸಂತೋಷ! 1868ರ ಆಗಸ್ಟ್ 18ರ ಗ್ರಹಣ ನೋಡಲು ಲೆಫ್ಟಿನೆಂಟ್ ಜಾನ್ ಹರ್ಷೆಲ್ ಬೆಳಕನ್ನು ಬಣ್ಣಬಣ್ಣವಾಗಿ ಬಿಡಿಸುವ ರೋಹಿತದರ್ಶಕ ಹಿಡಿದು ಬಂದು ನಿಂತದ್ದು ನಿಮ್ಮ ಊರಿನಲ್ಲೇ. ಯುರೇನಸ್ ಕಂಡುಹಿಡಿದ ವಿಲಿಯಂ ಹರ್ಷೆಲ್‌ರ ಮೊಮ್ಮಗ ಈತ. ಮಳೆಗಾಲದ ಮೋಡ ಕಾಡಿತು. ಆದರೂ ಮೋಡ ಸರಿದ ಗಳಿಗೆಯಲ್ಲಿ ಸೂರ್ಯನ ಅಂಚಿನಿಂದ ಚಾಚಿದ ಜ್ವಾಲೆಯ ಕಡೆ ಉಪಕರಣ ಹಿಡಿದಾಗ ಕೆಂಪು, ಕಿತ್ತಳೆ, ನೀಲಿ ಗೆರೆಗಳು ಬಿಡಿಬಿಡಿಯಾಗಿ ಹೊಳೆದವು. ಬಿಡಿ ಗೆರೆ ಎಂದರೆ ಅದು ಕಾದು ಹೊಳೆಯುವ ಅನಿಲ. ಅದೇ ದಿನ ಗುಂಟೂರಿನಲ್ಲಿ ಫ್ರಾನ್ಸಿನ ಜಾನ್ಸೆನ್ ಕೂಡ ಇವನ್ನೇ ಕಂಡರು. ಹಳದಿ-ಕಿತ್ತಳೆಯ ಆ ಒಂದು ಗೆರೆ ಯಾವ ಪರಿಚಿತ ಧಾತುವಿಗೂ ಹೊಂದಲಿಲ್ಲ. ಇಂಗ್ಲೆಂಡಿನ ಲಾಕಿಯರ್ ಅದರ ಬೆನ್ನು ಹತ್ತಿ ಹೊಸ ಧಾತು ಎಂದು ಸಾರಿದರು. ಅದೇ ಹೀಲಿಯಂ. ಭೂಮಿಯ ಮೇಲೆ ಅದು ರಸಾಯನಶಾಸ್ತ್ರಜ್ಞ ರ‍್ಯಾಮ್ಸೆ ಅವರ ಕೈಗೆ ಸಿಕ್ಕಿದ್ದು 1895ರಲ್ಲಿ. ಜಮಖಂಡಿಯ ಶಾಲೆಗಳಲ್ಲಿ ಈ ಪಾಠವನ್ನು ಬೇರೆ ಊರುಗಳಿಗಿಂತ ಹೆಚ್ಚು ಹೆಮ್ಮೆಯಿಂದ ಹೇಳಬೇಕು.

ನನ್ನ ಮಗ ಆರನೇ ತರಗತಿ. ಅವರಣ್ಣ ಈ ಕತೆ ಹೇಳಿದಾಗಿನಿಂದ ದೀಪ ಆರಿಸಲು ಬಿಡುತ್ತಿಲ್ಲ. ಕತ್ತಲಿಗೆ ನಿಜವಾಗಿ ಜನರಿಗೆ ಹುಚ್ಚು ಹಿಡಿಯುತ್ತದೆಯೇ ಎಂದು ಕೇಳುತ್ತಾನೆ. ಏನು ಹೇಳಲಿ?
— ತಾಯಿ, ಮೈಸೂರು

ಇಲ್ಲ ಎಂದು ಧೈರ್ಯವಾಗಿ ಹೇಳಿ. ನಾವು ದಿನಾ ಕತ್ತಲಲ್ಲಿ ಮಲಗಿ ಏಳುವ ಜಾತಿ. ಕತ್ತಲಲ್ಲಿ ಅಳುಕುವುದು ಸಹಜ, ಅವನ ವಯಸ್ಸಿಗೆ ಇನ್ನೂ ಸಹಜ. ಅದನ್ನು ಗೇಲಿ ಮಾಡಬೇಡಿ, ಅವರಣ್ಣನಿಗೂ ಹೇಳಿಡಿ.

ಕತೆಯವರ ಕಷ್ಟ ಬೇರೆ. ಅವರಿಗೆ ಕತ್ತಲಿನ ಅಭ್ಯಾಸವೇ ಇಲ್ಲ. ಜಾತ್ರೆಯಂಥ ಒಂದು ಪ್ರದರ್ಶನದಲ್ಲಿ ಹದಿನೈದು ನಿಮಿಷ ಕತ್ತಲ ಸುರಂಗದಲ್ಲಿ ಸುತ್ತಿಸುವ ಆಟ ಇಟ್ಟಾಗ ಕೆಲವರು ಸತ್ತೇಹೋದರು, ಕೆಲವರಿಗೆ ಬುದ್ಧಿ ಸ್ಥಿಮಿತ ತಪ್ಪಿತು ಎಂದು ಕತೆ ಹೇಳುತ್ತದೆ. ದೀಪ ಎಂಬ ವಸ್ತುವೇ ಅವರಲ್ಲಿಲ್ಲ. ಬೇಕಾಗಿರಲಿಲ್ಲವಲ್ಲ! ಗ್ರಹಣಕ್ಕೆಂದು ವಿಜ್ಞಾನಿಗಳು ಜೊಂಡಿನ ತಿರುಳನ್ನು ಒಣಗಿಸಿ ಪ್ರಾಣಿಗಳ ಕೊಬ್ಬಿನಲ್ಲಿ ಅದ್ದಿ ಪಂಜು ಮಾಡುತ್ತಾರೆ. ಅದು ಹೊಗೆ ಕಾರುತ್ತ ಹಳದಿಯಾಗಿ ಉರಿಯುವುದನ್ನು ಮಹಾ ಆವಿಷ್ಕಾರವೆಂಬಂತೆ ಸುತ್ತ ನಿಂತು ನೋಡುತ್ತಾರೆ. ಇಬ್ಬರು ಯುವಕರು ಮನೆಯೊಂದಕ್ಕೆ ಒಳಗೆಲ್ಲ ಕಪ್ಪು ಮಖಮಲ್ಲು ಹೊದಿಸಿ, ಚಾವಣಿಯಲ್ಲಿ ಸಣ್ಣ ಸಣ್ಣ ತೂತು ಮಾಡಿ, ಹಿಂದಿನಿಂದ ಬೆಳಕು ಬಿಟ್ಟು ನಕ್ಷತ್ರ ಹೇಗಿದ್ದೀತು ಎಂದು ಪರೀಕ್ಷೆ ಮಾಡುತ್ತಾರೆ. ಕತ್ತಲಲ್ಲಿ ನಡುಗುತ್ತ ಕೂತು ತೂತು ತೆರೆಯುತ್ತಾರೆ. ಏನೂ ಆಗುವುದಿಲ್ಲ, ಚಾವಣಿಯಲ್ಲಿ ತೂತು ಕಾಣುತ್ತವೆ ಅಷ್ಟೇ. ನಿಮ್ಮ ಮಗನಿಗೆ ಈ ಭಾಗ ಹೇಳಿ. ರಟ್ಟಿನ ಡಬ್ಬಕ್ಕೆ ಸೂಜಿಯಿಂದ ಕೃತ್ತಿಕೆಯ ಆಕಾರಕ್ಕೆ ತೂತು ಮಾಡಿ, ಒಳಗೆ ಟಾರ್ಚ್ ಇಟ್ಟು, ಅವನೇ ದೀಪ ಆರಿಸಲಿ. ಆಮೇಲೆ ಚಳಿಗಾಲದ ಒಂದು ಅಮಾವಾಸ್ಯೆಯ ಆಸುಪಾಸಿನಲ್ಲಿ ಊರ ಹೊರಗೆ ಕರೆದುಕೊಂಡು ಹೋಗಿ ನಿಜವಾದ ಕೃತ್ತಿಕೆ ತೋರಿಸಿ. ಮೊಬೈಲ್ ಜೇಬಿನಲ್ಲೇ ಇರಲಿ.

ಲಗಾಶ್‌ನವರಂತೆ ನಡೆದುಕೊಂಡ ಜನ ನಿಜಲೋಕದಲ್ಲೂ ಇದ್ದಾರೆ ಎಂಬುದು ಮಾತ್ರ ನನ್ನನ್ನು ಕಾಡುತ್ತದೆ. 1994ರ ಜನವರಿ 17ರ ನಸುಕಿನಲ್ಲಿ ಅಮೆರಿಕದ ಲಾಸ್ ಏಂಜಲೀಸ್‌ನಲ್ಲಿ ಭೂಕಂಪವಾಗಿ ನಗರದ ವಿದ್ಯುತ್ ಹೋಯಿತು. ಜನ ಮನೆಯಿಂದ ಹೊರಗೋಡಿ ಬಂದು ಮೇಲೆ ನೋಡಿದರು. ಅಲ್ಲಿನ ಗ್ರಿಫಿತ್ ವೀಕ್ಷಣಾಲಯಕ್ಕೆ ಆಮೇಲೆ ಕರೆಗಳು ಬಂದವು: ಆಕಾಶ ಯಾಕೆ ಹೀಗೆ ವಿಚಿತ್ರವಾಗಿತ್ತು, ಭೂಕಂಪಕ್ಕೂ ಅದಕ್ಕೂ ಸಂಬಂಧವಿದೆಯೇ? ಅವರು ಕಂಡದ್ದು ದಿನವೂ ತಲೆಯ ಮೇಲೆ ಇದ್ದ ನಕ್ಷತ್ರಗಳನ್ನೇ. ದೊಡ್ಡ ನಗರದ ಬೆಳಕಿನಲ್ಲಿ ಬದುಕಿದವರು ಅವನ್ನು ಅಷ್ಟು ಒಟ್ಟಿಗೆ ಕಂಡಿರಲಿಲ್ಲ. ಅಸಿಮೋವ್ ಆಗಲೇ ತೀರಿಕೊಂಡು ಎರಡು ವರ್ಷವಾಗುತ್ತ ಬಂದಿತ್ತು. ಆರು ಸೂರ್ಯರನ್ನು ಅವರು ಕಷ್ಟಪಟ್ಟು ಕಲ್ಪಿಸಬೇಕಾಯಿತು. ನಮಗೆ ಬೀದಿದೀಪಗಳೇ ಸಾಕಾದವು.

ಈ ಕತೆ ಕಾದಂಬರಿಯಾಗಿದೆಯಂತೆ. ಅದರಲ್ಲಿ ಗ್ರಹದ ಹೆಸರು ಬೇರೆ ಇದೆಯಲ್ಲ? ಯಾವುದನ್ನು ಮೊದಲು ಓದಲಿ?
— ಗ್ರಂಥಪಾಲಕರು, ಶಿವಮೊಗ್ಗ

1990ರಲ್ಲಿ ರಾಬರ್ಟ್ ಸಿಲ್ವರ್‌ಬರ್ಗ್ ಜೊತೆ ಸೇರಿ ಹಿಗ್ಗಿಸಿದರು. ಅದರಲ್ಲಿ ಗ್ರಹ ಕಲ್ಗಾಶ್. ಮೊದಲು ಸಣ್ಣಕತೆ ಓದಿ. ನಕ್ಷತ್ರಗಳು ಕಂಡ ಕ್ಷಣಕ್ಕೇ ನಿಲ್ಲುವುದರಲ್ಲಿ ಅದರ ಬಲ ಇದೆ. ಬೆಳಕಿಗಾಗಿ ಹಪಹಪಿಸಿ ಜನ ತಮ್ಮ ನಗರಕ್ಕೇ ಬೆಂಕಿ ಇಟ್ಟಿದ್ದಾರೆಂದು ದಿಗಂತದ ಕೆಂಪು ಹೇಳಿದ ಮೇಲೆ ಇನ್ನೇನೂ ಬೇಕಿಲ್ಲ. ಕಾದಂಬರಿ ಆಮೇಲಿನದನ್ನೂ ಹೇಳಲು ಹೋಗುತ್ತದೆ.

ನಾವಿರುವುದು ಬೆಂಗಳೂರಿನ ದೊಡ್ಡ ಅಪಾರ್ಟ್‌ಮೆಂಟ್. ಇಲ್ಲಿಂದ ಲಗಾಶ್‌ನಂಥ ಆಕಾಶ ನೋಡಲು ಎಲ್ಲಿಗೆ ಹೋಗಬೇಕು? ಇಲ್ಲೇ ಏನಾದರೂ ಮಾಡಬಹುದೇ?
— ನಿವಾಸಿಗಳ ಸಂಘದ ಸದಸ್ಯೆ, ಬೆಂಗಳೂರು

ದೇಶದ ಅತ್ಯುತ್ತಮ ಕತ್ತಲೆಗೆ ಲಡಾಖ್‌ನ ಹಾನ್ಲೆಗೆ ಹೋಗಬೇಕು. ಸುಮಾರು 4500 ಮೀಟರ್ ಎತ್ತರ. 2022ರಿಂದ ಅಲ್ಲಿನ ಕತ್ತಲೆಗೇ ರಕ್ಷಣೆ ಇದೆ. ಹಳ್ಳಿಯವರು ಕಿಟಕಿಗೆ ಪರದೆ ಎಳೆಯುತ್ತಾರೆ, ದೀಪಕ್ಕೆ ಮರೆ ಕಟ್ಟುತ್ತಾರೆ. ಅಲ್ಲಿರುವ ಎರಡು ಮೀಟರ್ ದರ್ಪಣದ ದೂರದರ್ಶಕವನ್ನು ನಡೆಸುವುದು ನಿಮ್ಮ ಪಕ್ಕದ ಹೊಸಕೋಟೆಯಲ್ಲಿ ಕೂತು, ಉಪಗ್ರಹ ಸಂಪರ್ಕದ ಮೂಲಕ.

ಅಷ್ಟು ದೂರ ಆಗದಿದ್ದರೆ ಮೇ ತಿಂಗಳ ಅಮಾವಾಸ್ಯೆಯ ಹತ್ತಿರ ನಗರದ ಹೊಳಪು ತಾಗದ ಯಾವುದಾದರೂ ಹಳ್ಳಿಗೆ ಹೋಗಿ. ರಾತ್ರಿ ಹತ್ತರ ಹೊತ್ತಿಗೆ ದಕ್ಷಿಣ ದಿಕ್ಕಿನಲ್ಲಿ, ದಿಗಂತದಿಂದ ನೆತ್ತಿಯ ಕಡೆಗೆ ಮೂರನೇ ಒಂದು ಪಾಲಿನಷ್ಟು ಎತ್ತರದಲ್ಲಿ, ಉಜ್ಜಿ ಅಳಿಸಿದಂಥ ಒಂದು ಮಸುಕು ಚುಕ್ಕಿ ಸಿಗುತ್ತದೆ. ಅದು ಒಮೆಗಾ ಸೆಂಟಾರಿ. ಸುಮಾರು ಒಂದು ಕೋಟಿ ನಕ್ಷತ್ರಗಳ ಗುಚ್ಛ, ದೂರ ಸುಮಾರು 17,000 ಜ್ಯೋತಿರ್ವರ್ಷ. ಬೈನಾಕ್ಯುಲರ್ ಇದ್ದರೆ ಒಯ್ಯಿರಿ. ಲಗಾಶ್‌ನ ಆಕಾಶ ಎಲ್ಲಾದರೂ ಇರುವುದಾದರೆ ಅಂಥದ್ದೊಂದರ ಒಳಗೆ. ಯೂರೋಪಿನ ಬಹುಪಾಲು ಊರುಗಳಿಗೆ ಅದು ಕಾಣುವುದೇ ಇಲ್ಲ, ನಾವು ದಕ್ಷಿಣದಲ್ಲಿರುವುದಕ್ಕೆ ಸಿಕ್ಕಿದ್ದು.

ಇಲ್ಲೇ ಮಾಡುವ ಮಾತಿಗೆ ಬರುತ್ತೇನೆ. ಮನುಕುಲದ ಮೂರನೇ ಒಂದು ಭಾಗಕ್ಕೆ ತಾವಿರುವಲ್ಲಿಂದ ಆಕಾಶಗಂಗೆ ಕಾಣುವುದಿಲ್ಲ ಎಂದು 2016ರ ಜಾಗತಿಕ ನಕಾಶೆಯೊಂದು ತೋರಿಸಿತು. ಹೊಗೆ, ಪ್ಲಾಸ್ಟಿಕ್‌ಗಳಂತೆ ಆಕಾಶವನ್ನು ಮುಚ್ಚುವ ಈ ದೀಪದ ಬೆಳಕು ವರ್ಷಗಟ್ಟಲೆ ಉಳಿಯುವ ಮಾಲಿನ್ಯವಲ್ಲ. ಸ್ವಿಚ್ ಆರಿಸಿದ ಕ್ಷಣಕ್ಕೆ ಹೋಗುತ್ತದೆ. ನಿಮ್ಮ ಆವರಣವನ್ನು ಕತ್ತಲು ಮಾಡಿ ಎನ್ನುತ್ತಿಲ್ಲ, ಹೆಂಗಸರು ಮಕ್ಕಳು ಓಡಾಡುವ ದಾರಿಗೆ ಬೆಳಕು ಬೇಕೇ ಬೇಕು. ಆ ಬೆಳಕು ನೆಲಕ್ಕೆ ಬೀಳಲಿ, ಆಕಾಶಕ್ಕಲ್ಲ. ದೀಪದ ಮೇಲೂ ಪಕ್ಕಕ್ಕೂ ಮುಚ್ಚಳ ಇರುವ ಫಿಟ್ಟಿಂಗ್ ಹಾಕಿಸಿ. ಬೆಳ್ಳನೆಯ ಎಲ್‌ಇಡಿ ಬದಲು ಹಳದಿ ಛಾಯೆಯದನ್ನು ಆರಿಸಿ, ನೀಲಿ ಬೆಳಕೇ ಗಾಳಿಯಲ್ಲಿ ಹೆಚ್ಚು ಚದುರುವುದು. ಕಟ್ಟಡದ ಅಂದಕ್ಕೆಂದು ಕೆಳಗಿನಿಂದ ಮೇಲಕ್ಕೆ ಹೊಡೆಯುವ ಫ್ಲಡ್‌ಲೈಟುಗಳಿದ್ದರೆ ಮೊದಲು ಅವಕ್ಕೆ ಟೈಮರ್ ಹಾಕಿಸಿ, ರಾತ್ರಿ ಹತ್ತಕ್ಕೆ ಆರಲಿ. ಸಂಘದ ಸಭೆಯಲ್ಲಿ ಯಾರಾದರೂ ತಕರಾರು ತೆಗೆದರೆ ಕರೆಂಟ್ ಬಿಲ್ಲನ್ನೇ ಮುಂದಿಡಿ. ಒಪ್ಪಿಗೆಯಾದ ಮೇಲೆ ಟೆರೇಸಿನ ಬೀಗದ ಕೈ ಯಾರ ಹತ್ತಿರ ಇದೆ ಎಂದೂ ಕೇಳಿಟ್ಟುಕೊಳ್ಳಿ.